ಐವತ್ತನೆಯ ಹೆಸರು

ದೊರೆ ಪಡುವಣ ಬೆಟ್ಟಗಳಾಚೆ ಬಿಳಿಯರ ಮೇಲೆ ದಂಡೆತ್ತಿ ಹೋಗುತ್ತಾನೆಂಬ ಸುದ್ದಿ ನಮ್ಮ ತಾನ್‌ಗೋನ್‌ಗೆ ಬಂದದ್ದು ಎಳ್ಳಿನ ಕೊಯ್ಲು ಮುಗಿದ ವಾರ. ಸುದ್ದಿಯ ಬೆನ್ನಿಗೇ ಅಪ್ಪಣೆಯೂ ಬಂತು.

ನಮ್ಮದು ಬಂದೂಕಿನ ಊರು. ಮೂ ನದಿಯ ಆಚೆ ದಡದ್ದು ಕುದುರೆಯ ಊರು, ಅದರ ಪಕ್ಕದ್ದು ಗುರಾಣಿಯ ಊರು, ಕೆಳಗೆ ಐರಾವತಿಯ ದಂಡೆಗೆ ಹೋದರೆ ಯುದ್ಧದ ದೋಣಿಗೆ ಹುಟ್ಟು ಹಾಕುವವರ ಊರುಗಳು. ಯಾವ ಊರಲ್ಲಿ ಹುಟ್ಟಿದನೋ ಆ ಕೆಲಸಕ್ಕೇ ಹುಟ್ಟಿದ ಅಂತ ಲೆಕ್ಕ. ತೊಂಬತ್ತು ಮನೆಯ ನಮ್ಮೂರಿನಿಂದ ಐವತ್ತು ಬಂದೂಕು ಹೊರಡಬೇಕು. ಉಳಿದ ಗಂಡಸರು ಹೋದವರ ಗದ್ದೆ ಉತ್ತು ಅವರಿಗೆ ಅಕ್ಕಿ ಸಾಗಿಸಬೇಕು. ಅವರ ಹೆಸರೂ ಬೇರೆ ಓಲೆಯಲ್ಲಿ ಇರುತ್ತದೆ. ಹತ್ತು ಜನಕ್ಕೊಬ್ಬ ಹತ್ತರವ, ಐದು ಹತ್ತಕ್ಕೊಬ್ಬ ಐವತ್ತರವ. ಐವತ್ತರವನಿಗೆ ನಮ್ಮಲ್ಲಿ ನೆತ್ತರು ಕುಡಿಸುವವನು ಅನ್ನುತ್ತಾರೆ. ಹೊರಡುವ ಮುಂಚೆ ಎಲ್ಲರ ತೋಳು ಗೀರಿ, ತೊಟ್ಟು ತೊಟ್ಟು ರಕ್ತವನ್ನು ಒಂದೇ ಬೋಗುಣಿಯಲ್ಲಿ ಬೆರೆಸಿ ಎಲ್ಲರಿಗೂ ಕುಡಿಸುವವನು ಅವನೇ.

ನೆತ್ತರಿನ ಆಣೆಯನ್ನು ರಾಜಧಾನಿ ಆವಾದಲ್ಲಿದ್ದ ದೊರೆ ಅಷ್ಟಾಗಿ ನಂಬುತ್ತಿರಲಿಲ್ಲ. ದಂಡಿಗೆ ಹೋದವನ ಹೆಂಡತಿ, ಮಕ್ಕಳು, ಹೆತ್ತವರನ್ನು ಊರಾಚೆ ಬಿದಿರುಬೇಲಿಯೊಳಗೆ ಕೂಡಿಹಾಕಿ, ದೂರದ ಊರಿನ ಕಾವಲಿನವರನ್ನು ಇಡುತ್ತಿದ್ದರು. ಗಂಡಸು ಓಡಿಹೋದರೆ ಅವನ ಮನೆಯವರನ್ನು ಹುಲ್ಲಿನ ಗುಡಿಸಲಿಗೆ ನೂಕಿ ಬೆಂಕಿ ಇಡಬೇಕು. ಇದು ಹೊಸ ಕಾನೂನೇನಲ್ಲ. ನನ್ನ ಅಜ್ಜನ ಕಾಲದಲ್ಲೂ ಇತ್ತು.

ನಾನು ಆ ಊರಿನ ಹಚ್ಚೆ ಹಾಕುವವನು. ಮಣಿಪುರದ ದಂಡಿನಲ್ಲಿ ಮೊಣಕಾಲು ಕಳೆದುಕೊಂಡು ಬಂದಿದ್ದೆನಾದ್ದರಿಂದ ನನ್ನ ಹೆಸರು ಯಾವ ಓಲೆಯಲ್ಲೂ ಇರಲಿಲ್ಲ. ಬಂದೂಕಿನವರ ಬಲಗೈ ಹಿಂಬದಿಗೆ ಊರಿನ ಗುರುತು ಹಾಕುವುದು ನನ್ನ ಕೆಲಸ. ಎಲ್ಲರೂ ನನ್ನನ್ನು ಮಾವ ಅನ್ನುತ್ತಿದ್ದರು.

ಆಗ ಐವತ್ತರವನಾಗಿದ್ದವನು ಶ್ವೇ ಡೌಂಗ್. ಮೂವತ್ತೈದರ ಆಳು, ಮಾತು ಕಡಿಮೆ, ಬಾಯಲ್ಲಿ ಯಾವಾಗಲೂ ವೀಳ್ಯ. ಅವನಿಗಿದ್ದದ್ದು ಒಬ್ಬ ತಾಯಿ ಮತ್ತು ಪ್ಯೂ ಎಂಬ ತಂಗಿ. ಪ್ಯೂಳ ಗಂಡ ಬೋ ತೌ ಹಿಂದುಮುಂದಿಲ್ಲದ ಅನಾಥ, ಒಳ್ಳೆ ಗುರಿಗಾರ. ಐವತ್ತು ಹೆಸರಿನ ಓಲೆಯಲ್ಲಿ ಅವನದು ಕೊನೆಯದು. ಓಲೆಗೆ ಮುದ್ರೆ ಬಿದ್ದು ಆವಾಕ್ಕೆ ಹೋದ ನಾಲ್ಕನೆಯ ದಿನ, ತಾಳೆಮರದ ಬುಡದಲ್ಲಿ ಬೋ ತೌನಿಗೆ ನಾಗರ ಕಚ್ಚಿತು. ಮಧ್ಯಾಹ್ನದೊಳಗೆ ಸತ್ತ. ಬಿಸಿಲು ಜೋರಾಗಿದ್ದರಿಂದ ಸಂಜೆಗೇ ಸುಟ್ಟೆವು. ಪ್ಯೂ ಆಗ ಮೂರು ತಿಂಗಳ ಬಸುರಿ.

ಮಾರನೆಯ ದಿನ ಶ್ವೇ ಡೌಂಗ್ ನನ್ನನ್ನು ಗಾಡಿಯಲ್ಲಿ ಕೂರಿಸಿಕೊಂಡು ದಂಡಿನ ಕರಣಿಕನ ಬಳಿಗೆ ಹೋದ. ಕರಣಿಕ ಮಾವಿನಕಾಯಿ ಹೋಳಿಗೆ ಉಪ್ಪು ಹಚ್ಚಿಕೊಂಡು ತಿನ್ನುತ್ತಿದ್ದ. ಕೇಳಿ ನಕ್ಕ.

"ಸತ್ತನಾ? ಪಾಪ. ಅಪ್ಪಣೆ ಹೊರಟ ದಿನದಿಂದ ಈ ಸೀಮೆ ಗಂಡಸರಿಗೆ ಅದೇನು ರೋಗ ಬಡೀತೋ ಕಾಣೆ ಕಣಯ್ಯ. ಒಂದೂರಲ್ಲಿ ವಾರಕ್ಕೆ ಏಳು ಜನ ಸತ್ರು. ಗುಂಡಿ ಅಗೆಸಿ ನೋಡಿದ್ರೆ ಏಳು ಬಾಳೆದಿಂಡು. ಬಟ್ಟೆ ಸುತ್ತಿ ರುಮಾಲು ಬೇರೆ ಕಟ್ಟಿದ್ರು."

"ನನ್ನ ತಂಗಿ ಗಂಡ, ಅಯ್ಯಾ. ಇಡೀ ಊರು ನೋಡಿದೆ."

"ಊರು ಏನು ಬೇಕಾದ್ರೂ ನೋಡುತ್ತೆ. ಹೆಣ ಎಲ್ಲಿ?"

"ಸುಟ್ವಿ. ನಾನೇ ಕೊಳ್ಳಿ ಇಟ್ಟೆ."

"ಹಂಗಾದ್ರೆ ಸುಲಭ ಆಯ್ತು. ಎಣಿಕೆ ದಿನ ಅವನು ನಿಲ್ಲದಿದ್ರೆ ತಂಗಿಗೂ ನೀನೇ ಇಡು. ಕೈ ಪಳಗಿದೆಯಲ್ಲ." ಅವನು ಬೆರಳು ಚೀಪಿಕೊಂಡ. "ಐವತ್ತು ಅಂತ ಆವಾದಲ್ಲಿ ಓದಿ ಆಗಿದೆ. ನಲವತ್ತೊಂಬತ್ತು ಅಂತ ಹೋಗಿ ಹೇಳೋಕೆ ನನ್ನ ಕುತ್ತಿಗೆ ಏನು ಕಬ್ಬಿಣದ್ದಾ? ಎಣಿಕೆಗೆ ಇನ್ನು ಹದಿನಾಲ್ಕು ದಿನ ಇದೆ. ಹೋಗು."

ದಾರಿಯುದ್ದಕ್ಕೂ ಶ್ವೇ ಡೌಂಗ್ ಬೆರಳು ಮಡಚಿ ಗಂಡಸರನ್ನು ಎಣಿಸುತ್ತಿದ್ದ. ಊರಿನ ಗಂಡಸರೆಲ್ಲ ಒಂದಲ್ಲ ಒಂದು ಓಲೆಯಲ್ಲಿದ್ದರು. ಪಕ್ಕದ ಊರಿನವನನ್ನು ಹಿಡಿದರೆ ಆ ಊರಿನ ಗೌಡ ದೂರು ಕೊಡುತ್ತಾನೆ. ಬೇಕಾದದ್ದು ಯಾರ ಓಲೆಯಲ್ಲೂ ಇಲ್ಲದ, ಇಲ್ಲಿ ಕೇಳುವವರಿಲ್ಲದ ಒಬ್ಬ ಗಂಡಸು.

ಮೂರನೆಯ ದಿನ, ಬಿದಿರು ಹೆಣೆದು ಅರಗು ಬಳಿದ ಪೆಟ್ಟಿಗೆ ಮಾರುವ ಸಾನ್ ಯಾ ಬಂದ. ಪ್ರತಿವರ್ಷವೂ ಎಳ್ಳಿನ ಕೊಯ್ಲು ಮುಗಿದ ಮೇಲೆ ಅವನೂ ಅವನ ಹೆಂಡತಿ ಏ ಮ್ಯಾಳೂ ಪಗಾನ್ ಕಡೆಯಿಂದ ಎತ್ತಿನ ಗಾಡಿಯಲ್ಲಿ ಬರುತ್ತಿದ್ದರು. ಕೆಂಪು ಬಣ್ಣದ ವೀಳ್ಯದ ಪೆಟ್ಟಿಗೆ, ಊಟದ ಬುಟ್ಟಿ, ಬಟ್ಟಲು ತರುತ್ತಿದ್ದರು. ಸಾನ್ ಯಾ ದಾರಿಯಲ್ಲಿ ಕಂಡ ಎಮ್ಮೆಗೂ ಕುಶಲ ಕೇಳುವ ಜಾತಿ. ಹೋದ ವರ್ಷ ನನ್ನ ಮನೆಯಲ್ಲೇ ಉಂಡಿದ್ದ. ಊರ ಛತ್ರದಲ್ಲಿ ಗಾಡಿ ಬಿಚ್ಚಿ ಅವನು, "ಏನು, ಎಲ್ಲರ ಮುಖಾನೂ ಹುಳಿ ಕುಡಿದಂಗಿದೆ? ಯುದ್ಧ ಅಂದ್ರೆ ಭಯಾನಾ? ಬಿಳಿಯರು ಹಾಲು ಕುಡಿಯೋ ಜನ ಕಣ್ರೋ, ಮೆತ್ತಗಿರ್ತಾರೆ," ಅಂದ.

ಹತ್ತರವನಾದ ಪೋ ಲಾ ಅವನ ಪಕ್ಕ ಕೂತು ಕೇಳಿದ. "ನಿಮ್ಮೂರಲ್ಲಿ ನಿಂದು ಯಾವ ಸೇವೆ ಅಣ್ಣ?"

"ನಾವು ಅರಗು ಕಲಸೋರು. ದಂಡಿನ ಓಲೆಗೆ ನಮ್ಮ ಹೆಸರು ಹತ್ತಲ್ಲ."

"ಹತ್ತಿಸಿದ್ರಾಯ್ತು ಬಿಡು," ಅಂದ ಪೋ ಲಾ. ಸಾನ್ ಯಾ ನಕ್ಕ. ಅವನೊಬ್ಬನೇ ನಕ್ಕದ್ದು.

ನಾಲ್ವರು ಅವನನ್ನು ಹಿಡಿದು ನನ್ನ ಮುಂದೆ ಕೆಡವಿದರು. ಒಬ್ಬ ಎದೆಯ ಮೇಲೆ ಕೂತ, ಒಬ್ಬ ಬಲಗೈಯನ್ನು ಹಲಗೆಗೆ ಒತ್ತಿದ. ಎರಡು ಸೊನ್ನೆ, ನಡುವೆ ಓಡುವ ಮೊಲ, ನಮ್ಮೂರಿನ ಗುರುತು ಅದು. ನಾನು ಮಸಿಯಲ್ಲಿ ಸೂಜಿ ಅದ್ದಿದೆ.

"ಮಾವಾ, ಏನಿದು? ಹೋದ ವರ್ಷ ನಿನ್ನ ಕೈ ಅನ್ನ ಉಂಡೆನಲ್ಲೋ," ಅಂದ ಸಾನ್ ಯಾ.

"ಮಾತಾಡಬೇಡ, ಗೆರೆ ಸೊಟ್ಟಗಾಗುತ್ತೆ," ಅಂದೆ.

ಆ ದಿನ ನಾನು ಅವನಿಗೆ ಹೇಳಿದ್ದು ಅಷ್ಟೇ. ಎಣಿಕೆಯ ಹೊತ್ತಿಗೆ ಹಕ್ಕಳೆ ಉದುರಬೇಕಿತ್ತು. ಹಾಗಾಗಿ ಸೂಜಿಯನ್ನು ಆಳಕ್ಕೆ ಇಳಿಸದೆ ಹಾಕಿ, ಅರಿಶಿನ ಬೆರೆಸಿದ ಎಳ್ಳೆಣ್ಣೆ ಹಚ್ಚಿದೆ.

ಕೆಲಸ ಮುಗಿದ ಮೇಲೆ ಶ್ವೇ ಡೌಂಗ್ ಹುಣಸೆಮರದ ಕೆಳಗೆ ಕೂತು ತಲೆ ಹಿಡಿದುಕೊಂಡ. "ಇವನಿಗೆ ಇಲ್ಲಿ ಯಾರಿದ್ದಾರೆ ಮಾವ? ಬೇಲಿಯೊಳಗೆ ಕೂರೋಳು ನನ್ನ ತಂಗಿ. ಅವಳು ಸುಟ್ಟು ಬೂದಿಯಾದ್ರೆ ಇವನಿಗೇನು? ಮೊದಲನೇ ತಿರುವಲ್ಲೇ ಕಾಡಿಗೆ ಬೀಳ್ತಾನೆ."

"ಅವನ ಹೆಂಡತಿ ಇದ್ದಾಳಲ್ಲ," ಅಂದೆ.

ಅವನು ತಲೆ ಎತ್ತಿ ನನ್ನನ್ನೇ ನೋಡಿದ. ನಾನು ಮುಂದುವರಿಸಿದೆ. "ಕಾವಲಿನೋರಿಗೆ ನಮ್ಮ ಮುಖ ಗೊತ್ತಿಲ್ಲ. ಅವರಿಗೆ ಗೊತ್ತಿರೋದು ಓಲೆ. ಓಲೆಯಲ್ಲಿ ಬೋ ತೌನ ಹೆಂಡತಿ ಪ್ಯೂ ಅಂತಿದೆ. ಆ ಹೆಸರಲ್ಲಿ ಇವಳು ಕೂರಲಿ. ಪ್ಯೂ ನನ್ನ ಮನೇಲಿ ಮಗಳಾಗಿ ಇರಲಿ."

ಈ ಮಾತನ್ನು ಬೇರೆ ಯಾರಾದರೂ ಆಡಿದ್ದರು ಎಂದು ಹೇಳಬೇಕೆಂದು ಎಷ್ಟೋ ಸಲ ಅನಿಸಿದೆ. ಆಡಿದವನು ನಾನೇ.

ಏ ಮ್ಯಾ ಅಳುವ ಹೆಂಗಸಲ್ಲ. ಬೇಲಿಯೊಳಗೆ ಒಯ್ಯುವ ಮುನ್ನ ಅವಳ ಕೂದಲು ಬಿಚ್ಚಿ ನಮ್ಮೂರ ಹೆಂಗಸರಂತೆ ಗಂಟು ಕಟ್ಟಿಸಿದರು. ಪ್ಯೂಳ ಮಾಸಿದ ಲುಂಗಿ ಉಡಿಸಿದರು. ಅವಳು ಸುಮ್ಮನೆ ಉಡಿಸಿಕೊಂಡು ಪ್ಯೂಳ ಕಡೆ ತಿರುಗಿದಳು.

"ಗಂಡನ್ನ ತಗೊಂಡ್ರಿ. ತುತ್ತಿನ ತರ ನಿನ್ನ ಹೆಸರನ್ನೂ ನನ್ನ ಬಾಯಿಗೆ ತುರುಕಿದ್ರಿ. ಹೊಟ್ಟೇಲಿರೋದನ್ನೂ ಕೊಡ್ತೀಯೇನೆ? ಎರಡು ಸಲ ಬಸುರಾದ್ರೂ ನನಗೆ ಒಂದೂ ನಿಲ್ಲಲಿಲ್ಲ."

ಪ್ಯೂ ಬಾಯಿಗೆ ಹೆಗಲಬಟ್ಟೆ ತುರುಕಿಕೊಂಡು ನಿಂತಿದ್ದಳು. ಶ್ವೇ ಡೌಂಗ್ ಸಾನ್ ಯಾನಿಗೆ ಹೇಳಿದ. "ನೀನು ಬೋ ತೌ. ನೀನು ನಿಂತಿರೋವರೆಗೂ ಅವಳು ಬದುಕಿರ್ತಾಳೆ. ಯುದ್ಧ ಮುಗಿದ ದಿನ ನಾನೇ ಗಾಡಿ ಕಟ್ಟಿ ಇಬ್ಬರನ್ನೂ ಊರಿಗೆ ಬಿಡ್ತೀನಿ. ನನ್ನ ತಾಯಿ ಆಣೆ." ಅವನು ಸುಳ್ಳು ಹೇಳುತ್ತಿರಲಿಲ್ಲ. ಹಾಗೇ ಮಾಡುತ್ತೇನೆ ಎಂದೇ ನಂಬಿದ್ದ.

ಎಣಿಕೆಯ ದಿನ ಆವಾದ ಅಧಿಕಾರಿ ಆನೆಯ ಮೇಲೆ ಬಂದ. ಬಂದೂಕಿನ ಕಿಡಿಗಲ್ಲು, ಮದ್ದಿನ ಚೀಲ, ತಿಂಗಳ ಅಕ್ಕಿ ಎಲ್ಲವನ್ನೂ ಮುಟ್ಟಿ ನೋಡಿ ಹೆಸರು ಕೂಗಿಸಿದ. ನಲವತ್ತೊಂಬತ್ತು ಜನ ಓಗೊಟ್ಟರು. "ಬೋ ತೌ!" ಸಾನ್ ಯಾ ಸುಮ್ಮನಿದ್ದ. ಎರಡನೆಯ ಸಲ ಕೂಗಿದಾಗ ಬಿದಿರುಬೇಲಿಯ ಕಡೆ ಒಮ್ಮೆ ನೋಡಿ, "ಇದ್ದೀನಿ," ಅಂದ. ಅಧಿಕಾರಿ ಅವನ ಕೈ ಎತ್ತಿಸಿದ.

"ಇದೇನು, ಹೊಸದಾಗಿ ಹೊಳೀತಿದೆ?"

"ಹಳೇದು ಮಾಸಿತ್ತು ಅಯ್ಯಾ, ತಿದ್ದಿಸಿದೆ," ಅಂದ ಶ್ವೇ ಡೌಂಗ್.

"ಒಳ್ಳೆ ಕೈ," ಅಂತ ನನ್ನನ್ನು ನೋಡಿ ತಲೆಯಾಡಿಸಿದ ಅಧಿಕಾರಿ. ಆವಾದವರಿಂದ ಹೊಗಳಿಸಿಕೊಂಡದ್ದು ನನ್ನ ಜೀವಮಾನದಲ್ಲಿ ಅದೊಂದೇ ಸಲ. ನನಗೆ ಹಿಗ್ಗಾಯಿತು ಎಂಬುದನ್ನೂ ಹೇಳಿಬಿಡುತ್ತೇನೆ.

ಅಂದೇ ನೆತ್ತರು ಕುಡಿದು ಅವರು ಹೊರಟರು. ಬೋಗುಣಿ ತುಟಿಗೆ ಬಂದಾಗ ಸಾನ್ ಯಾ, "ಉಪ್ಪು ಸಾಲದು," ಅಂದನಂತೆ. ಸಾಲಿನಲ್ಲಿ ಒಂದಿಬ್ಬರು ನಕ್ಕರಂತೆ.

ಒಂದು ತಿಂಗಳು ಏನೂ ಆಗಲಿಲ್ಲ. ಪ್ಯೂ ದಿನಾ ಅನ್ನ, ಕೊಳೆಸಿದ ಮೀನಿನ ಗೊಜ್ಜು ಕಟ್ಟಿಕೊಂಡು ಬೇಲಿಯ ಹತ್ತಿರ ಹೋಗಿ ಏ ಮ್ಯಾಳಿಗೆ ಕೊಟ್ಟು ಬರುತ್ತಿದ್ದಳು. ಮೊದಮೊದಲು ಏ ಮ್ಯಾ ಅದನ್ನು ಪಕ್ಕದವರ ಮಕ್ಕಳಿಗೆ ಕೊಟ್ಟುಬಿಡುತ್ತಿದ್ದಳು. ಆಮೇಲೆ ಹಸಿವು ಗೆದ್ದಿತು. ಬೇಲಿಯ ಸಂದಿನಿಂದ ಪ್ಯೂಳ ಹೊಟ್ಟೆ ನೋಡಿ, "ಹುಳಿ ಕಡಿಮೆ ತಿನ್ನೇ, ಕೂಸಿಗೆ ಆಗಲ್ಲ," ಅಂದಿದ್ದಳಂತೆ ಒಂದು ದಿನ. ಪ್ಯೂ ಮನೆಗೆ ಬಂದು ನನ್ನ ಒಲೆಯ ಮುಂದೆ ಕೂತು ಅತ್ತಳು.

ಆಮೇಲೆ ಒಂದು ಬೆಳಿಗ್ಗೆ ಪೋ ಲಾ ಬಂದ. ಅವನ ಜತೆ ದಂಡಿನಿಂದ ಅಪ್ಪಣೆಯ ಓಲೆ ತಂದ ಇಬ್ಬರು ದೂತರಿದ್ದರು. ಅವರು ಬೇಲಿಯ ಅಧಿಕಾರಿಯ ಬಳಿಗೆ ಹೋದಾಗ ಪೋ ಲಾ ನನ್ನ ಜಗಲಿಗೆ ಬಂದು ಬಿದ್ದುಕೊಂಡ. ಕಾಲು ಬಾತುಹೋಗಿತ್ತು.

"ಅರಗಿನೋನು ಮುಳುಗಿದ, ಮಾವ."

ಮಿನ್‌ಬೂ ಹತ್ತಿರ ಐರಾವತಿ ದಾಟುವಾಗ ದೋಣಿ ಮರಳುದಿಬ್ಬಕ್ಕೆ ಬಡಿದು ವಾಲಿತಂತೆ. ಒಂದು ಬಂದೂಕು ಕಳೆದರೆ ಐವತ್ತರವನ ತಲೆ ಹೋಗುತ್ತದೆ. ಅದಕ್ಕೆ ಶ್ವೇ ಡೌಂಗ್ ಎಲ್ಲರ ಬಂದೂಕನ್ನೂ ಅವರವರ ಬೆನ್ನಿಗೆ ಹಗ್ಗದಿಂದ ಬಿಗಿಸಿದ್ದ. ನಾಲ್ವರು ನೀರಿಗೆ ಬಿದ್ದರು. ಮೂವರು ಕೈಗೆ ಸಿಕ್ಕರು.

"ಅವನ ಕೈ ಒಂದು ಸಲ ಮೇಲೆ ಬಂತು. ಅಷ್ಟೇ. ಶ್ವೇ ಡೌಂಗಣ್ಣ ತಾನೇ ಹಾರಿ ಮೂರು ಸಲ ಮುಳುಗಿ ಹುಡುಕಿದ. ಮಧ್ಯಾಹ್ನದವರೆಗೂ ಹುಡುಕಿದ್ವಿ. ಹಿಂದಿನ ದೋಣಿಯೋರು ಬೈಯೋಕೆ ಶುರು ಮಾಡಿದ್ರು."

"ಮುಳುಗಿದ ಅಂತ ಹೇಳಲಿಲ್ವಾ?"

"ಹೇಳಿದ್ವಿ. ದಂಡಿನ ಕರಣಿಕ ಹೆಣ ಎಲ್ಲಿ ಅಂದ. ಇಲ್ಲ ಅಂದ್ವಿ. ಬಂದೂಕು ಅಂದ. ಅದೂ ಇಲ್ಲ ಅಂದ್ವಿ. ಹಾಗಾದ್ರೆ ಬಂದೂಕಿನ ಸಮೇತ ಓಡಿದಾನೆ ಅಂತ ಬರೆದ. ತಪ್ಪೆಲ್ಲ ಓಡಿದೋನ ಮೇಲೆ ಬಿತ್ತು, ಅಣ್ಣನ ತಲೆ ಉಳೀತು. ಅಣ್ಣ ಅವನ ಕಾಲಿಗೆ ಬಿದ್ದ. ‘ಒಬ್ಬನ್ನ ಬಿಟ್ರೆ ನಾಳೆ ನೂರು ಜನ ಮುಳುಗ್ತಾರೆ. ಹೆಂಡತಿ ಹೆಸರು ಹೇಳು’ ಅಂತ ಅಂದ ಅವನು." ಪೋ ಲಾ ನನ್ನ ಕಡೆ ನೋಡದೆ ಹೇಳಿದ. "ಅಣ್ಣ ಒಂದ್ಸಲ ಗಂಟಲು ಸರಿ ಮಾಡ್ಕೊಂಡ. ಪ್ಯೂ ಅಂದ."

ನಾನು ಬೇಲಿಯ ಬಳಿಗೆ ಕುಂಟಿಕೊಂಡು ಹೋಗುವಷ್ಟರಲ್ಲಿ ಊರೆಲ್ಲ ಸೇರಿತ್ತು. ಕಾವಲಿನ ಅಧಿಕಾರಿ ಕೆಟ್ಟವನೇನಲ್ಲ. ಮಕ್ಕಳಿಗೆ ತಾಳೆಬೆಲ್ಲ ಹಂಚುತ್ತಿದ್ದ ಮುದುಕ. ಅವನು ಓಲೆಯನ್ನು ಎರಡು ಸಲ ಓದಿಸಿಕೊಂಡು ಬೆವರು ಒರೆಸಿಕೊಂಡ. "ಬೋ ತೌನ ಹೆಂಡತಿ ಪ್ಯೂ. ಮುಂದೆ ಬಾಮ್ಮ."

ಏ ಮ್ಯಾ ಬಂದಳು. "ನಾನು ಪ್ಯೂ ಅಲ್ಲ. ನಾನು ಪಗಾನಿನ ಏ ಮ್ಯಾ. ನನ್ನ ಗಂಡ ಸಾನ್ ಯಾ. ಇವರ ಬೋ ತೌ ಹಾವು ಕಚ್ಚಿ ಯಾವಾಗಲೋ ಸತ್ತ. ನಮ್ಮನ್ನ ದಾರೀಲಿ ಹಿಡಿದು ಇಲ್ಲಿ ಹಾಕಿದಾರೆ. ಕೇಳಿ, ಯಾರನ್ನ ಬೇಕಾದ್ರೂ ಕೇಳಿ!"

ಅಧಿಕಾರಿ ಗಾಬರಿಯಾದ. ಓಲೆ ಸುಳ್ಳೆಂದಾದರೆ ಅದು ರಾಜದ್ರೋಹ. ಐವತ್ತು ಮನೆಗೂ ಬೆಂಕಿ ಬೀಳುತ್ತದೆ. ಅದು ಅವನಿಗೂ ಗೊತ್ತಿತ್ತು, ನಮಗೂ ಗೊತ್ತಿತ್ತು. ಅವನು ಎಲ್ಲರನ್ನೂ ಸಾಲು ನಿಲ್ಲಿಸಿ ಮೊದಲು ಶ್ವೇ ಡೌಂಗನ ತಾಯಿಯನ್ನು ಕರೆದ. ಐವತ್ತರವನ ತಾಯಿ ಅವಳು, ಬೇಲಿಯೊಳಗಿನವರಲ್ಲಿ ದೊಡ್ಡವಳು.

"ಅಜ್ಜೀ, ಇವಳು ಯಾರು?"

ಮುದುಕಿ ಏ ಮ್ಯಾಳ ಮುಖ ನೋಡಿದಳು. ಅವಳ ಕೆನ್ನೆ ಸವರಿದಳು. "ಪ್ಯೂ. ನನ್ನ ಮಗಳು."

"ಹೆತ್ತ ಮಗಳಾ?"

"ಹೆತ್ತ ಮಗಳು ಅಯ್ಯಾ. ಗಂಡ ಓಡಿಹೋದ ಅಂತ ಕೇಳಿ ಬುದ್ಧಿ ಕೆಟ್ಟಿದೆ."

ಆಮೇಲೆ ಕೇಳಿದ ಪ್ರತಿಯೊಬ್ಬರೂ ಹಾಗೇ ಅಂದರು. ಪ್ಯೂ. ಪ್ಯೂನೇ. ನಮ್ಮ ಪ್ಯೂ ಅಯ್ಯಾ. ಏ ಮ್ಯಾ ಕೊಟ್ಟ ಅನ್ನ ತಿಂದಿದ್ದ ಮಕ್ಕಳೂ ಅಂದವು. ಅವಳು ಒಬ್ಬೊಬ್ಬರ ಬಾಯನ್ನೂ ನೋಡುತ್ತಿದ್ದಳು. ಕೊನೆಗೆ ಬೇಲಿಯಾಚೆ ಅನ್ನದ ಗಂಟು ಹಿಡಿದು ನಿಂತಿದ್ದವಳ ಕಡೆ ಕೈ ತೋರಿಸಿದಳು. "ಅಗೋ, ಅವಳು ಪ್ಯೂ. ಬಸುರಿ. ಅವಳನ್ನ ಕೇಳಿ. ಅವಳು ಸುಳ್ಳು ಹೇಳಲ್ಲ."

ಅಧಿಕಾರಿ ನನ್ನನ್ನು ಕೇಳಿದ. "ಯಾರಪ್ಪ ಅದು?"

"ನನ್ನ ಮಗಳು," ಅಂದೆ.

"ಹೌದೇನಮ್ಮ?"

ಪ್ಯೂ ಬಾಯಿ ತೆರೆದಳು. ಅವಳ ತಾಯಿ ಬೇಲಿಯೊಳಗಿಂದ ಅವಳನ್ನೇ ನೋಡುತ್ತಿದ್ದಳು. "ಹೌದು," ಅಂದಳು ಪ್ಯೂ. ಅಷ್ಟು ಸಣ್ಣ ದನಿಯಲ್ಲಿ ಅಂದಳೆಂದರೆ ಅಧಿಕಾರಿ ಇನ್ನೊಮ್ಮೆ ಕೇಳಬೇಕಾಯಿತು, ಅವಳು ಇನ್ನೊಮ್ಮೆ ಹೇಳಬೇಕಾಯಿತು.

ಹೊತ್ತು ನೆತ್ತಿಗೆ ಬರುವ ಮುಂಚೆ ಮುಗಿಸಿದರು. ಗುಡಿಸಲಿಗೆ ಹುಲ್ಲು ತಂದುಹಾಕಿದ್ದು ನಮ್ಮೂರಿನವರೇ. ಒಳಗೆ ನೂಕಿದ ಮೇಲೆ ಏ ಮ್ಯಾ ಬೇಡಿಕೊಳ್ಳಲಿಲ್ಲ, ಶಪಿಸಲೂ ಇಲ್ಲ. ಕೂಗಿ ಕೂಗಿ ತನ್ನ ವಿಳಾಸ ಹೇಳಿದಳು. "ನಾನು ಏ ಮ್ಯಾ! ಪಗಾನಿನ ಕುಂಬಾರಗಟ್ಟೆ ಹಿಂದಿನ ಓಣಿ! ನನ್ನ ತಾಯಿ ಡಾ ಮೇ! ಯಾರಾದರೂ ಹೋಗಿ ಹೇಳ್ರೀ!" ಹೊಗೆ ಗಂಟಲು ಹಿಡಿಯುವವರೆಗೂ ಕೂಗಿದಳು. ಆಮೇಲೆ ಬರೀ ಬೆಂಕಿಯ ಸದ್ದು. ನಾವು ಯಾರೂ ಮನೆಗೆ ಹೋಗಲಿಲ್ಲ. ಮುಗಿಯುವ ಮುಂಚೆ ಹೋದರೆ ಕಾವಲಿನವರಿಗೆ ಅನುಮಾನ ಬರುತ್ತದೆಂದು ನಿಂತೇ ಇದ್ದೆವು.

ಮಳೆಗಾಲದಲ್ಲಿ ಪ್ಯೂಗೆ ಗಂಡು ಹುಟ್ಟಿತು. ಐದು ತಿಂಗಳು ಹಾಲೂಡಿಸಿದಳು. ಆ ಹೊತ್ತಿಗೆ ಯುದ್ಧ ನಮ್ಮ ನೆಲಕ್ಕೇ ಬಂದು, ಕಾವಲಿನವರನ್ನೂ ದಂಡಿಗೆ ಎಳೆದುಕೊಂಡಿದ್ದರಿಂದ ಬೇಲಿ ತೆರೆದುಕೊಂಡಿತ್ತು. ಒಂದು ದಿನ ಪ್ಯೂ ಕೂಸನ್ನು ತಾಯಿಯ ಮಡಿಲಲ್ಲಿ ಮಲಗಿಸಿದಳು.

"ಎಲ್ಲಿಗೆ ಹೋಗ್ತೀಯೇ ಮಗಳೇ?" ಅಂದಳು ಮುದುಕಿ.

"ನಿನ್ನ ಮಗಳು ಸುಟ್ಟುಹೋದಳಲ್ಲಮ್ಮ. ನೀನೇ ಹೇಳ್ದೆ."

ಹೊರಟವಳು ತಿರುಗಿ ಬರಲಿಲ್ಲ.

ಶ್ವೇ ಡೌಂಗ್ ಎರಡು ವರ್ಷದ ಮೇಲೆ ಬಂದ, ಐವತ್ತರಲ್ಲಿ ಹನ್ನೊಂದು ಜನರ ಜತೆ. ಒಂದು ಕಿವಿ ಇರಲಿಲ್ಲ. ತಂಗಿ ಎಲ್ಲಿ ಎಂದು ಕೇಳಿದ. ಏ ಮ್ಯಾಳ ತಾಯಿಯ ಮನೆಯಲ್ಲಿದ್ದಾಳೆಂದು ದೋಣಿಯವರ ಬಾಯಲ್ಲಿ ಕೇಳಿದ್ದನ್ನು ಹೇಳಿದೆವು. ವಾರ ಕಳೆದ ಮೇಲೆ, "ಮಾವ, ಕರ್ಕೊಂಡು ಬರೋಣ ಬಾ," ಅಂದ. ದೋಣಿ ಹಿಡಿದು ಪಗಾನಿಗೆ ಹೋದೆವು. ಕುಂಬಾರಗಟ್ಟೆಯ ಹಿಂದಿನ ಓಣಿ ಹುಡುಕುವುದು ಕಷ್ಟವಾಗಲಿಲ್ಲ.

ಚಪ್ಪರದ ಕೆಳಗೆ ಒಬ್ಬ ಮುದುಕಿ ಬಿದಿರಿನ ಬಟ್ಟಲು ಹೆಣೆಯುತ್ತಿದ್ದಳು. ಪಕ್ಕದಲ್ಲಿ ಪ್ಯೂ ಕೂತು ಅರಗಿಗೆ ಬೂದಿ ಕಲಸುತ್ತಿದ್ದಳು. ಅವಳು ಮೊದಲ ದಿನ ಬಂದು ಎಲ್ಲ ಹೇಳಿದಾಗ ಮುದುಕಿ ಸೌದೆಯಲ್ಲಿ ಹೊಡೆದು ಓಡಿಸಿದಳಂತೆ. ಮಾರನೆಯ ದಿನವೂ ಬಂದಳಂತೆ, ಮತ್ತೆ ಹೊಡೆಸಿಕೊಂಡಳಂತೆ. ಎಷ್ಟು ದಿನ ಹಾಗೆ ನಡೆಯಿತೋ, ಹೊಡೆದು ಸಾಕಾಗಿ ಮುದುಕಿ ಒಳಗೆ ಕರೆದಳಂತೆ. ಇದನ್ನೆಲ್ಲ ಬರುವಾಗ ದೋಣಿಯವನು ಹೇಳಿದ್ದ.

ಮುದುಕಿ ನಮ್ಮನ್ನು ನೋಡಿ, "ಯಾರಪ್ಪ ನೀವು? ತಾನ್‌ಗೋನ್ ಕಡೆಯೋರಾ?" ಅಂದಳು.

ಶ್ವೇ ಡೌಂಗ್ ದಂಡಿನಲ್ಲಿ ಎಷ್ಟು ಜನರನ್ನು ಕೊಂದಿದ್ದನೋ ಏನೋ, ಆ ಮುದುಕಿಗೆ ಅಂಜಿದ. "ಅಲ್ಲಮ್ಮ, ಮೇಲಿನ ಸೀಮೆಯೋರು. ಪೆಟ್ಟಿಗೆ ನೋಡೋಕೆ ಬಂದ್ವಿ," ಅಂದ. ನಾನೂ ಹೌದೆಂದು ತಲೆಯಾಡಿಸಿದೆ.

ಪ್ಯೂ ಕೈ ಒರೆಸಿಕೊಂಡು ಎದ್ದಳು. "ಸುಳ್ಳು ಅಮ್ಮಾ. ಇವನು ನನ್ನ ಅಣ್ಣ. ನಿನ್ನ ಅಳಿಯನ ಬೆನ್ನಿಗೆ ಬಂದೂಕು ಕಟ್ಟಿಸಿದೋನು. ಈ ಕುಂಟ ಹಚ್ಚೆ ಹಾಕಿದೋನು. ನಿನ್ನ ಮಗಳನ್ನ ಬೇಲಿಗೆ ಹಾಕಿ ಅಂತ ಹೇಳಿಕೊಟ್ಟೋನು."

ಮುದುಕಿ ಕೂಗಿದಳು. ಓಣಿಯವರೆಲ್ಲ ಬಂದರು, ಕೈಗೆ ಸಿಕ್ಕಿದ್ದನ್ನು ಹಿಡಿದು ಬಂದರು. ನನ್ನ ಎಡಗಣ್ಣು ಹೋದದ್ದು ಅಂದೇ. ಶ್ವೇ ಡೌಂಗನ ಸೊಂಟದಲ್ಲಿ ಕತ್ತಿ ಇತ್ತು. ಅವನು ಅದನ್ನು ಮುಟ್ಟಲಿಲ್ಲ, ಕೈಯನ್ನು ಅಡ್ಡ ಕೂಡ ಹಿಡಿಯಲಿಲ್ಲ. ಪ್ಯೂ ಬಿಡಿಸಲು ಬರಲಿಲ್ಲ. ಅವಳು ಮತ್ತೆ ಕೂತು ಬೂದಿ ಕಲಸುತ್ತಿದ್ದಳು; ಅರಗು ಗಟ್ಟಿಯಾಗಿಬಿಡುತ್ತದೆ, ಬಿಡುವಂತಿಲ್ಲ.

ನಮ್ಮನ್ನು ಎಳೆದುತಂದು ಹೊಳೆಯ ಮರಳಿನ ಮೇಲೆ ಎಸೆದರು. ಆಮೇಲೆ ಶ್ವೇ ಡೌಂಗ್ ಬಾಯಿಂದ ರಕ್ತ, ಹಲ್ಲು ಉಗಿದು ನನ್ನ ಕಡೆ ತಿರುಗಿದ.

"ಸ್ವಲ್ಪ ಮೈ ತುಂಬಿಕೊಂಡಿದ್ದಾಳೆ, ಅಲ್ವಾ ಮಾವ?"

ಹೌದು ಎಂದೆ. ದೋಣಿ ಬರುವುದಕ್ಕೆ ಇನ್ನೂ ಹೊತ್ತಿತ್ತು.